ಪರ ಖಾಲಿ ಇದೆ, ಸರ್

ನನ್ನ ಗಂಡ ಟೀವಿಯಲ್ಲಿ ಮಾತನಾಡುವವರು. ಯಾವುದರ ಬಗ್ಗೆ ಎಂದು ಕೇಳಿದರೆ ಎಲ್ಲದರ ಬಗ್ಗೆ ಎನ್ನಬೇಕಾಗುತ್ತದೆ. ಸರ್ಕಾರ ಬಿದ್ದರೆ, ಬೀಳದಿದ್ದರೆ, ಪೆಟ್ರೋಲು ಏರಿದರೆ, ಮಕ್ಕಳು ಅಪ್ಪ ಅಮ್ಮನ ಮಾತು ಕೇಳದಿದ್ದರೆ, ಪರದೆಯ ಬಲಮೂಲೆಯ ಚೌಕದಲ್ಲಿ ಅವರ ಮುಖ ಹಾಜರು. ಮುಖದ ಕೆಳಗೆ ‘ರಾಜಕೀಯ ಮತ್ತು ಸಾಮಾಜಿಕ ವಿಶ್ಲೇಷಕರು’ ಎಂದು ಬರೆದಿರುತ್ತದೆ. ನಾನು ಹೆರಿಗೆ ಆಸ್ಪತ್ರೆಯ ನರ್ಸು. ನನ್ನ ಮುಖದ ಕೆಳಗೆ ಯಾರೂ ಏನೂ ಬರೆದಿಲ್ಲ. ಇಪ್ಪತ್ತಾರು ವರ್ಷದಿಂದ ನಾನೂ ಕಿರುಚಾಟದ ನಡುವೆಯೇ ಬದುಕಿದ್ದೇನೆ, ಆದರೆ ನಮ್ಮಲ್ಲಿ ಕಿರುಚಿದವರ ಕೈಗೆ ಕೊನೆಗೆ ಒಂದು ಮಗುವಾದರೂ ಬರುತ್ತದೆ. ಈ ಮಾತನ್ನು ಅವರಿಗೆ ಎಷ್ಟು ಸಲ ಹೇಳಿದ್ದೇನೋ, ಅಷ್ಟೂ ಸಲ ಅವರು ಅದನ್ನು ತಮಾಷೆ ಎಂದುಕೊಂಡು ನಕ್ಕಿದ್ದಾರೆ.

ಅವರೇನು ಹುಟ್ಟಾ ವಿಶ್ಲೇಷಕರಲ್ಲ. ಸಂಜೆ ಕಾಲೇಜಿನಲ್ಲಿ ಪೌರನೀತಿ ಪಾಠ ಮಾಡಿಕೊಂಡಿದ್ದರು. ಹದಿನಾಲ್ಕು ವರ್ಷದ ಹಿಂದೆ ಒಂದು ಮಧ್ಯಾಹ್ನ ಹಲ್ಲು ಕೀಳಿಸಲು ಹೋದರು. ಹಲ್ಲಿನ ಡಾಕ್ಟರು ಇದ್ದದ್ದು ಮೂರನೇ ಮಹಡಿ, ಟೀವಿ ಕಚೇರಿ ಎರಡನೇ ಮಹಡಿ. ಅಂದಿನ ಚರ್ಚೆಗೆ ಬರಬೇಕಿದ್ದ ನಿಜವಾದ ತಜ್ಞರು ಲಿಫ್ಟಿನಲ್ಲಿ ಸಿಕ್ಕಿಹಾಕಿಕೊಂಡಿದ್ದರು. ಕಾಲೇಜಿಗೆಂದು ಕೋಟು ತೊಟ್ಟು ಮೆಟ್ಟಿಲಿಳಿಯುತ್ತಿದ್ದ ಇವರನ್ನು ಕಂಡು, ಅತಿಥಿಗಳನ್ನು ಹುಡುಕುವ ಕೆಲಸದ ಹುಡುಗಿ ತೋಳು ಹಿಡಿದು ಒಳಗೆ ಎಳೆದುಕೊಂಡು ಹೋಗಿ ಕುರ್ಚಿಯಲ್ಲಿ ಕೂರಿಸಿಬಿಟ್ಟಳು. ಇಂಜೆಕ್ಷನ್ನಿನಿಂದ ಇವರ ಅರ್ಧ ಬಾಯಿ ಮರಗಟ್ಟಿತ್ತು. ಹಾಗಾಗಿ ಒಂದೊಂದೇ ಮಾತನ್ನು ನಿಧಾನವಾಗಿ, ನಡುನಡುವೆ ನಿಲ್ಲಿಸಿ ಆಡಿದರು. ನೋಡಿದವರಿಗೆ ಅದು ಮಹಾ ಗಾಂಭೀರ್ಯವಾಗಿ ಕಂಡಿತು. ಮರುದಿನವೂ ಕರೆದರು. ಅರಿವಳಿಕೆ ಅದೇ ಸಂಜೆ ಇಳಿದರೂ ಆ ನಿಧಾನ ಮಾತ್ರ ಇವತ್ತಿಗೂ ಇಳಿದಿಲ್ಲ.

ಆಮೇಲೆ ಅದೇ ಕಸುಬಾಯಿತು. ದಿನಾ ಮಧ್ಯಾಹ್ನ ಮೂರಕ್ಕೆ ಆ ಹುಡುಗಿಯ ಫೋನು ಬರುತ್ತದೆ. “ಸರ್, ಇವತ್ತು ವಿರೋಧ ತುಂಬಿದೆ. ಪರ ಖಾಲಿ ಇದೆ, ಸರ್. ಬರ್ತೀರಾ?” ಪರ ಎಂದರೆ ಪರದ ಕುರ್ಚಿ, ವಿರೋಧ ಎಂದರೆ ವಿರೋಧದ ಕುರ್ಚಿ. ಯಾವುದು ಖಾಲಿಯಿದ್ದರೆ ಅದರಲ್ಲಿ ನಮ್ಮವರು. ಸೋಮವಾರ ಅಣೆಕಟ್ಟು ಬೇಕೇ ಬೇಕು ಎಂದು ಮೇಜು ಕುಟ್ಟಿ, ಬುಧವಾರ ಅದೇ ಅಣೆಕಟ್ಟು ಬೇಡವೇ ಬೇಡ ಎಂದು ಅದೇ ಮೇಜು ಕುಟ್ಟುತ್ತಾರೆ. ಕೇಳಿದರೆ, ಅದು ವಿಶಾಲ ದೃಷ್ಟಿ ಎನ್ನುತ್ತಾರೆ. “ಒಂದು ಕಡೆ ನೋಡಿದರೆ” ಎಂದು ಶುರು ಮಾಡಿ, “ಇನ್ನೊಂದು ಕಡೆ ನೋಡಿದರೆ” ಎಂದು ತಿರುಗಿಸುವುದು ಅವರ ಶೈಲಿ. ನಮ್ಮ ವಾರ್ಡಿನಲ್ಲಿ ಅವರಿಗೆ ‘ಇನ್ನೊಂದು ಕಡೆ’ ಎಂದೇ ಹೆಸರು. “ಸಿಸ್ಟ್ರೆ, ಇವತ್ತು ಇನ್ನೊಂದು ಕಡೆಯವರು ಬಂದಿಲ್ವಾ ಟೀವೀಲಿ?” ಎಂದು ಆಯಮ್ಮ ಮುಖದ ಮೇಲೆಯೇ ಕೇಳುತ್ತಾಳೆ.

ನಮ್ಮತ್ತೆಗೆ ಕಿವಿ ಸ್ವಲ್ಪ ದೂರ. ಅವರು ಮಗನ ಕಾರ್ಯಕ್ರಮವನ್ನು ಸದ್ದು ಆರಿಸಿಯೇ ನೋಡುವುದು. ಅದರಿಂದ ಅವರಿಗೆ ತಿಳಿದಿರುವುದು ಇಷ್ಟೇ: ಮಗ ದಿನಾ ಎಲ್ಲೋ ಹೋಗುತ್ತಾನೆ, ಅಲ್ಲಿ ನಾಲ್ಕು ಜನ ಸೇರಿ ಅವನಿಗೆ ಬೈಯುತ್ತಾರೆ. “ಅವನು ಏನು ತಪ್ಪು ಮಾಡಿದಾನೆ ಅಂತ ಹೀಗೆ ಬೈತಾರಮ್ಮ? ಬೇರೆ ಕೆಲಸ ನೋಡ್ಕೋ ಅಂತ ಹೇಳಬಾರದಾ?” ಎಂದು ನನ್ನ ಹತ್ತಿರ ಕಣ್ಣೊರೆಸಿಕೊಳ್ಳುತ್ತಾರೆ. ಈ ಕಸುಬಿನ ಬಗ್ಗೆ ಇಷ್ಟು ಸರಿಯಾದ ವಿಶ್ಲೇಷಣೆಯನ್ನು ನಾನು ಬೇರೆ ಯಾರಿಂದಲೂ ಕೇಳಿಲ್ಲ.

ಈ ಕಸುಬಿನಲ್ಲಿ ಇನ್ನೊಂದು ಪದ್ಧತಿ ಇದೆ, ಅದನ್ನು ಇಲ್ಲಿಯೇ ಹೇಳಿಬಿಡಬೇಕು. ಎಲ್ಲಾದರೂ ಮತದಾನವೋ ತೀರ್ಪೋ ಇದೆ ಎಂದರೆ, ಟೀವಿಯವರು ಹಿಂದಿನ ದಿನವೇ ಇವರನ್ನು ಕರೆಸಿ ಎರಡು ಬೈಟು ತೆಗೆದಿಟ್ಟುಕೊಳ್ಳುತ್ತಾರೆ. ಬೈಟು ಎಂದರೆ ಕ್ಯಾಮೆರಾದ ಮುಂದೆ ಆಡಿದ ಒಂದೆರಡು ನಿಮಿಷದ ಮಾತು. ಒಂದು, ಹೀಗಾಗಿದ್ದು ಸರಿ ಎಂದು. ಇನ್ನೊಂದು, ಹಾಗಾಗಿದ್ದು ಸರಿ ಎಂದು. ಫಲಿತಾಂಶ ಬಂದ ಕೂಡಲೇ ಬೇಡದ್ದನ್ನು ಅಳಿಸಿ, ಉಳಿದದ್ದನ್ನು ಆ ಕ್ಷಣದಲ್ಲೇ ಆಡಿದಂತೆ ತೋರಿಸುತ್ತಾರೆ. ಜನ ಮಾತ್ರ, ಎಷ್ಟು ಬೇಗ ಯೋಚನೆ ಮಾಡ್ತಾರಪ್ಪ ಎಂದು ಕಣ್ಣು ಬಾಯಿ ಬಿಟ್ಟು ನೋಡುತ್ತಾರೆ.

ಈ ಚಟ ಮನೆಗೂ ಬಂತು. ಮಗಳ ಪರೀಕ್ಷೆಯ ಫಲಿತಾಂಶದ ದಿನ ಎರಡು ಭಾಷಣ ತಯಾರಿಟ್ಟುಕೊಂಡಿದ್ದರು. ಹೋದ ವರ್ಷ ನನಗೆ ಪಿತ್ತಕೋಶದ ಕಲ್ಲು ತೆಗೆದರು. ಮೂರನೇ ದಿನ ನಮ್ಮ ಡಾಕ್ಟರಮ್ಮನ ನಂಬರು ಹುಡುಕಲು ಅವರ ಫೋನು ತೆರೆದರೆ, ನೆಂಟರಿಗೆ ಕಳಿಸಲು ಬರೆದಿಟ್ಟ ಎರಡು ಸಂದೇಶ ಸಿಕ್ಕಿದವು. ಒಂದರಲ್ಲಿ ನಾನು ಚೆನ್ನಾಗಿದ್ದೆ. ಇನ್ನೊಂದರಲ್ಲಿ ‘ಆಕೆಯ ಅಗಲಿಕೆಯನ್ನು ಒಂದು ಕಡೆ ನೋಡಿದರೆ’ ಎಂದಿತ್ತು. ಹೊಲಿಗೆ ಬಿಚ್ಚಿದರೂ ಸರಿ ಎಂದು ಎದ್ದು ಕೂತು ಬೈದೆ. “ಮುನ್ನೆಚ್ಚರಿಕೆ ಕಣೆ,” ಎಂದರು.

ಇಷ್ಟೆಲ್ಲ ಇದ್ದರೂ ನಾನು ಸಹಿಸಿಕೊಂಡಿದ್ದೆ. ಎಲ್ಲೋ ಇರುವ ಅಣೆಕಟ್ಟಿಗೂ ನನಗೂ ಏನು ಸಂಬಂಧ? ಆದರೆ ನಗರಸಭೆಯವರು ನಮ್ಮ ಆಸ್ಪತ್ರೆ ಮುಚ್ಚುವ ಮಾತು ತೆಗೆದರು. ಹನ್ನೆರಡು ಹಾಸಿಗೆಯ ಹಳೆಯ ಕಟ್ಟಡ, ಪೇಟೆಗೆ ಹತ್ತಿರದ ಜಾಗ, ಅಲ್ಲಿ ಅಂಗಡಿ ಮಳಿಗೆ ಕಟ್ಟಬೇಕಂತೆ. ಹೆರಿಗೆಯವರು ದೊಡ್ಡಾಸ್ಪತ್ರೆಗೆ ಹೋಗಲಿ ಎಂದರು ಅಧ್ಯಕ್ಷರು. ದೊಡ್ಡಾಸ್ಪತ್ರೆ ಇರುವುದು ಹದಿನಾಲ್ಕು ಕಿಲೋಮೀಟರ್ ಆಚೆ, ರೈಲ್ವೆ ಗೇಟು ದಾಟಿ. ನಮ್ಮ ಡಾಕ್ಟರಮ್ಮ ರಜೆಯಲ್ಲಿದ್ದಾಗ ಒಬ್ಬ ಬಸುರಿ ಹುಡುಗಿಯನ್ನು ಅಲ್ಲಿಗೆ ಕಳಿಸಿದ್ದೆವು. ಗೇಟು ಹಾಕಿತ್ತು. ಗೂಡ್ಸು ಗಾಡಿ ಹೋಗಿ ಮುಗಿಯುವಷ್ಟರಲ್ಲಿ ಆಟೋದೊಳಗೇ ಹೆರಿಗೆಯಾಯಿತು, ಮಗು ಉಳಿಯಲಿಲ್ಲ. ಆ ಹುಡುಗಿಯ ಮುಖ ನನಗೆ ಇನ್ನೂ ಮರೆತಿಲ್ಲ. ಶುಕ್ರವಾರ ನಗರಸಭೆಯಲ್ಲಿ ಮತದಾನ ಎಂದು ಗೊತ್ತಾದ ದಿನವೇ ಗಂಡನ ಮುಂದೆ ಹೋಗಿ ನಿಂತೆ.

“ರೀ, ನೀವು ಒಂದು ಮಾತು ಟೀವೀಲಿ ಹೇಳಿ,” ಎಂದೆ.

“ಹೆಂಡತಿ ಕೆಲಸ ಮಾಡೋ ಜಾಗದ ಬಗ್ಗೆ ನಾನು ಮಾತಾಡಿದ್ರೆ ಜನ ಏನಂತಾರೆ? ನಾನು ತಟಸ್ಥ ಮನುಷ್ಯ,” ಎಂದರು.

ಆ ಸೋಮವಾರ ನನಗೆ ಸಂಜೆ ಪಾಳಿ. ಹೊರಗಿನ ಹಜಾರದ ಟೀವಿಯಲ್ಲಿ ನಮ್ಮ ಆಸ್ಪತ್ರೆಯದೇ ಚರ್ಚೆ ಎಂದು ಆಯಮ್ಮ ಓಡಿ ಬಂದು ಕರೆದಳು. ಹೋಗಿ ನೋಡಿದರೆ ಪರದ ಕುರ್ಚಿಯಲ್ಲಿ, ಅಂದರೆ ಮುಚ್ಚುವುದರ ಪರ, ನನ್ನ ಗಂಡ! ನಾನು ಇಸ್ತ್ರಿ ಮಾಡಿಕೊಟ್ಟ ಅಂಗಿ ತೊಟ್ಟು ಕೂತಿದ್ದಾರೆ. “ಒಂದು ಕಡೆ ನೋಡಿದರೆ ಈ ಆಸ್ಪತ್ರೆ ಜನರಿಗೆ ಹತ್ತಿರವಿದೆ,” ಎಂದರು. ಹಜಾರದಲ್ಲಿದ್ದವರೆಲ್ಲ ತಲೆಯಾಡಿಸಿದರು. “ಇನ್ನೊಂದು ಕಡೆ ನೋಡಿದರೆ, ಹತ್ತಿರವಿರುವುದೇ ಅದರ ದೌರ್ಬಲ್ಯ. ಸುಲಭವಾಗಿ ಸಿಕ್ಕಿದ್ದಕ್ಕೆ ಬೆಲೆಯಿರುವುದಿಲ್ಲ.”

“ಸಿಸ್ಟ್ರೆ, ನಿಮ್ಮೋರು ನಮ್ಮ ಆಸ್ಪತ್ರೆ ಮುಚ್ಚಿ ಅಂತಿದಾರಾ?” ಎಂದಳು ಆಯಮ್ಮ.

“ಟೀವಿ ಕೆಟ್ಟಿದೆ, ಆರಿಸು,” ಎಂದೆ. ತುಂಬು ಬಸುರಿಯೊಬ್ಬಳು ನನ್ನನ್ನೇ ದಿಟ್ಟಿಸಿ ನೋಡುತ್ತಿದ್ದಳು. ನೆಲ ಬಾಯಿ ಬಿಟ್ಟರೆ ಒಳಗೆ ಹೋಗಿಬಿಡೋಣ ಎನ್ನಿಸಿತು.

ಮರುದಿನ ಬೆಳಿಗ್ಗೆ ಪೇಪರಿನಲ್ಲಿ ಅಧ್ಯಕ್ಷರ ಹೇಳಿಕೆ ಬಂತು: ‘ಮುಚ್ಚುವುದೇ ಸರಿ ಎಂದು ಖ್ಯಾತ ವಿಶ್ಲೇಷಕರೂ ಹೇಳಿದ್ದಾರೆ.’ ಪೇಪರನ್ನು ತಂದು ಅವರ ತಟ್ಟೆಯ ಮೇಲೆಯೇ ಹಾಸಿದೆ.

“ನಿಮಗೆ ಮಾನ ಮರ್ಯಾದೆ ಏನಾದ್ರೂ ಇದೆಯಾ?”

“ವಿರೋಧ ತುಂಬಿತ್ತು ಕಣೆ. ಪರ ಮಾತ್ರ ಖಾಲಿ ಇತ್ತು.”

“ಖಾಲಿ ಇತ್ತು ಅಂತ ಹೋಗಿ ಕೂತುಬಿಡೋದಾ? ಅದೇನು ಬಸ್ಸಿನ ಸೀಟಾ?”

“ನಾನು ಹೋಗದಿದ್ರೆ ಇನ್ನೊಬ್ಬನನ್ನ ಕೂರಿಸ್ತಿದ್ರು. ಅವನು ಚೆನ್ನಾಗಿ ವಾದ ಮಾಡಿಬಿಟ್ಟಿದ್ರೆ? ನಾನು ಬೇಕಂತಲೇ ಸ್ವಲ್ಪ ಸಡಿಲವಾಗಿ ಮಾತಾಡಿದೆ.”

“ಆ ಸಡಿಲ ಮಾತನ್ನೇ ಹಿಡ್ಕೊಂಡು ಬೀಗ ಜಡೀತಾರೆ ಈಗ. ನಿಮ್ಮ ಮಗಳು ಹುಟ್ಟಿದ ಜಾಗ ಕಣ್ರೀ ಅದು!”

ಅವರು ಬಾಯಿ ತೆರೆದರು. ಒಂದು ಕಡೆ ನೋಡಿದರೆ ಎನ್ನುತ್ತಾರೆ ಎಂದು ಗೊತ್ತಾಗಿ ನಾನು ಕೈಯಲ್ಲಿದ್ದ ಸೌಟನ್ನು ಎತ್ತಿ ತೋರಿಸಿದೆ. ಅವರು ಬಾಯಿ ಮುಚ್ಚಿದರು. ಅವತ್ತಿನಿಂದ ನಾನು ಅವರ ಜೊತೆ ಮಾತು ಬಿಟ್ಟೆ.

ಮಾತು ಬಿಟ್ಟರೂ ಸಂಸಾರ ನಡೆಯಬೇಕಲ್ಲ, ಎಲ್ಲ ಅತ್ತೆಯ ಮೂಲಕ. “ಅತ್ತೆ, ಅವರಿಗೆ ಹೇಳಿ, ಒಂದು ಕಡೆ ಅನ್ನ ಇದೆ, ಇನ್ನೊಂದು ಕಡೆ ಸಾರಿದೆ, ಯಾವ ಕಡೆ ಬೇಕೋ ಬಡಿಸ್ಕೊಳ್ಳಲಿ ಅಂತ.” ಅತ್ತೆಗೆ ಅರ್ಧ ಕೇಳುತ್ತಿತ್ತು. “ಏನೋ ಬಡಿಸ್ತಾಳಂತೆ, ಹುಷಾರು ಕಣೋ,” ಎಂದು ಮಗನಿಗೆ ದಾಟಿಸುತ್ತಿದ್ದರು. ಬುಧವಾರ ಆ ಕಡೆಯಿಂದ ಒಂದು ಪ್ರಶ್ನೆ ಬಂತು. “ಮಗಳು ಹುಟ್ಟಿದ ದಿನ ಕರೆಂಟು ಎಷ್ಟು ಹೊತ್ತು ಹೋಗಿತ್ತು ಅಂತ ಕೇಳ್ತಿದಾನಮ್ಮ.”

“ನಲವತ್ತು ನಿಮಿಷ. ಅವರು ಹೊರಗೆ ಬೆಂಚಿನ ಮೇಲೆ ಕೂತು ಬಿಸ್ಕತ್ತು ತಿಂತಿದ್ರು ಅಂತಾನೂ ಹೇಳಿ,” ಎಂದೆ. ಅದನ್ನೂ ಟೀವಿಯಲ್ಲಿ ಹೇಳಿ ಆಸ್ಪತ್ರೆಯ ಮಾನ ಕಳೆಯುತ್ತಾರೆ ಎಂದುಕೊಂಡು ನನಗೆ ಮೈಯೆಲ್ಲ ಉರಿಯಿತು. ಕರೆಂಟು ಹೋಗುವ ಆಸ್ಪತ್ರೆ ಯಾಕೆ ಬೇಕು ಎಂದು ಕೇಳುವುದು ಎಷ್ಟು ಹೊತ್ತಿನ ಕೆಲಸ? ಗುರುವಾರ ಎಂದಿನಂತೆ ಬೈಟು ಕೊಡಲು ಹೋದರು. ಒಂದು ಗಂಟೆಗೆ ಬರಬೇಕಾದವರು ಮೂರಕ್ಕೆ ಬಂದು, ಕೋಟು ಕೂಡ ಬಿಚ್ಚದೆ ಎರಡು ಲೋಟ ನೀರು ಕುಡಿದು ಮಲಗಿಬಿಟ್ಟರು.

ಶುಕ್ರವಾರ ನಾಲ್ಕಕ್ಕೆ ನಗರಸಭೆ ಸೇರಿತು. ನಮ್ಮ ಹಜಾರದಲ್ಲಿ ಕಾಲಿಡಲು ಜಾಗವಿರಲಿಲ್ಲ. ಹೆತ್ತವರು, ಹೆರಬೇಕಾದವರು, ಅವರ ಗಂಡಂದಿರು, ಬೀದಿಯವರು ಎಲ್ಲ ಟೀವಿಯ ಮುಂದೆ. ಐದೂ ಕಾಲಿಗೆ ಪರದೆಯ ಕೆಳಗೆ ಕೆಂಪು ಪಟ್ಟಿ ಓಡಿತು. ‘ಹೆರಿಗೆ ಆಸ್ಪತ್ರೆ ಮುಚ್ಚಲು ನಿರ್ಧಾರ. ಪರ ಹನ್ನೊಂದು, ವಿರೋಧ ಹತ್ತು.’ ಆಯಮ್ಮ ಗೋಡೆಗೊರಗಿ ಕೆಳಗೆ ಕೂತುಬಿಟ್ಟಳು. ಒಂದೇ ಒಂದು ಮತ! ನನಗೆ ಅಳುವುದಕ್ಕಿಂತ ಮೊದಲು ಸಿಟ್ಟು ಬಂತು. ಆ ಹನ್ನೊಂದನೆಯ ಕೈ ಎತ್ತಿಸಿದ್ದು ನನ್ನ ಗಂಡನೇ ಎನ್ನಿಸಿತು.

ಅಷ್ಟರಲ್ಲಿ ಆ ಗಂಡನ ಮುಖವೇ ಪರದೆಯ ತುಂಬ ಬಂತು.

“ಈ ಆಸ್ಪತ್ರೆಯನ್ನು ಉಳಿಸಿದ ಅಧ್ಯಕ್ಷರಿಗೂ ಸದಸ್ಯರಿಗೂ ನಾನು ಕೃತಜ್ಞ,” ಎಂದರು. ನಾವೆಲ್ಲ ಮುಖ ಮುಖ ನೋಡಿಕೊಂಡೆವು. “ಸೋಮವಾರ ಇದೇ ಕುರ್ಚಿಯಲ್ಲಿ ಕೂತು ಇದನ್ನು ಮುಚ್ಚಬೇಕು ಎಂದು ನಾನು ವಾದಿಸಿದೆ. ಅದಕ್ಕೆ ನನಗೆ ನಾಚಿಕೆಯಾಗುತ್ತಿದೆ. ಇಪ್ಪತ್ತು ವರ್ಷದ ಹಿಂದೆ ನನ್ನ ಮಗಳು ಅಲ್ಲಿ ಹುಟ್ಟಿದಳು. ಹೆರಿಗೆಯ ಹೊತ್ತಿಗೇ ಕರೆಂಟು ಹೋಯಿತು. ಕಿಟಕಿಯಿಲ್ಲದ ಆ ಕೋಣೆಯಲ್ಲಿ ನಲವತ್ತು ನಿಮಿಷ ಒಬ್ಬ ಆಯಮ್ಮ ಟಾರ್ಚು ಹಿಡಿದು ಕೈ ಅಲುಗಿಸದೆ ನಿಂತಿದ್ದರು. ನಾನು ಹೊರಗೆ ಕೂತು ಬಿಸ್ಕತ್ತು ತಿನ್ನುತ್ತಿದ್ದೆ. ನನ್ನ ಹೆಂಡತಿ ಆ ಆಸ್ಪತ್ರೆಯ ನರ್ಸು. ಹದಿನಾಲ್ಕು ವರ್ಷದಿಂದ ನಾನು ಏನೇನೋ ಮಾತನಾಡಿದ್ದೇನೆ, ಅದರಿಂದ ಯಾರಿಗೆ ಏನಾಯಿತೋ ನನಗೆ ತಿಳಿಯದು. ಅವಳು ಕೆಲಸಕ್ಕೆ ಹೋದ ದಿನವೆಲ್ಲ ಯಾರಿಗೋ ಒಬ್ಬರಿಗೆ ಒಳ್ಳೆಯದಾಗಿದೆ. ಈ ವಿಷಯಕ್ಕೆ ಎರಡು ಕಡೆ ಇಲ್ಲ.”

“ಟಾರ್ಚು ಹಿಡಿದವಳು ನಾನೇ! ಅದು ನಾನೇ!” ಎಂದು ಆಯಮ್ಮ ಎದ್ದು ನಿಂತು ಎಲ್ಲರಿಗೂ ತನ್ನ ಬಲಗೈ ತೋರಿಸತೊಡಗಿದಳು. ನನಗೆ ಏನೂ ಅರ್ಥವಾಗಲಿಲ್ಲ. ಕೆಳಗೆ ‘ಮುಚ್ಚಲು ನಿರ್ಧಾರ’ ಓಡುತ್ತಿದೆ, ಮೇಲೆ ನನ್ನ ಗಂಡ ಉಳಿಸಿದ್ದಕ್ಕೆ ಕೈ ಮುಗಿಯುತ್ತಿದ್ದಾರೆ. ನೋಡುತ್ತಿದ್ದಂತೆ ಕೆಂಪು ಪಟ್ಟಿ ಮಾಯವಾಯಿತು. ಅದರ ಜಾಗದಲ್ಲಿ ಹಸಿರು ಪಟ್ಟಿ ಬಂತು: ‘ಉಳಿಯಿತು ಹೆರಿಗೆ ಆಸ್ಪತ್ರೆ!’ ಐದು ನಿಮಿಷದೊಳಗೆ ಉಳಿದ ಚಾನೆಲ್‌ಗಳೂ ಅದನ್ನು ನೋಡಿಕೊಂಡು ಅದನ್ನೇ ಬರೆದವು. ಬೀದಿಯ ಹೆಂಗಸರು ಮಕ್ಕಳನ್ನು ಕಂಕುಳಲ್ಲಿಟ್ಟುಕೊಂಡು ನಗರಸಭೆಯ ಕಡೆಗೆ ಓಡಿದರು.

ಮುಂದಿನದನ್ನು ಟೀವಿಯಲ್ಲೇ ನೋಡಿದೆ. ಅಧ್ಯಕ್ಷರು ಸಭೆ ಮುಗಿಸಿ ಬಾಗಿಲಿಗೆ ಬಂದರು. ಬೈಗುಳ ಬೀಳುತ್ತದೆ ಎಂದು ತಲೆ ತಗ್ಗಿಸಿಕೊಂಡಿದ್ದವರಿಗೆ ಚಪ್ಪಾಳೆ ಬಿತ್ತು. ಯಾರೋ ಮುದುಕಿ ಅವರ ಕೆನ್ನೆ ಹಿಡಿದು ಮುದ್ದಾಡಿದಳು. ಇನ್ಯಾರೋ ಒಂದು ಕೂಸನ್ನು ಅವರ ಕೈಗೆ ಕೊಟ್ಟರು, ಅದು ಅವರ ಬಿಳಿ ಅಂಗಿಯ ಮೇಲೆ ತನ್ನ ಅಭಿಪ್ರಾಯವನ್ನು ಧಾರಾಳವಾಗಿ ತಿಳಿಸಿತು. “ಆಸ್ಪತ್ರೆ ಉಳಿಸಿದೀರಿ, ಹೇಗನ್ನಿಸ್ತಿದೆ ಸರ್?” ಎಂದು ಮೈಕು ಬಂತು. ಅಧ್ಯಕ್ಷರು ಮೈಕು ನೋಡಿದರು, ಜನರನ್ನು ನೋಡಿದರು, ಕೂಸನ್ನು ನೋಡಿದರು. “ಮೊದಲಿಂದಲೂ ನನ್ನ ಮನಸ್ಸಲ್ಲಿದ್ದದ್ದು ಇದೇ,” ಎಂದರು. ಹೇಳಿದವರೇ ಕೂಸನ್ನು ವಾಪಸು ಕೊಟ್ಟು ಸರಸರನೆ ಒಳಗೆ ಹೋದರು. ನಡಾವಳಿ ಪುಸ್ತಕಕ್ಕೆ ಇನ್ನೂ ಸಹಿ ಬಿದ್ದಿರಲಿಲ್ಲವಂತೆ. ಸದಸ್ಯರನ್ನು ಮತ್ತೆ ಕೂರಿಸಿ, ಮುಚ್ಚುವ ಪ್ರಸ್ತಾಪವನ್ನು ಕೈಬಿಟ್ಟಿದ್ದಾಗಿ ಹೊಸದಾಗಿ ಮತ ಹಾಕಿಸಿದರು. ಈ ಸಲ ಇಪ್ಪತ್ತೊಂದು ಕೈಯೂ ಮೇಲೆದ್ದವು.

ನಡೆದದ್ದು ಏನೆಂದು ನನಗೆ ತಿಳಿದದ್ದು ಶನಿವಾರ ಬೆಳಿಗ್ಗೆ, ಆ ಅತಿಥಿ ಹುಡುಕುವ ಹುಡುಗಿ ನನಗೇ ಫೋನು ಮಾಡಿದಾಗ. ಈಗ ಅವಳೇನೂ ಹುಡುಗಿಯಲ್ಲ, ಎರಡು ಮಕ್ಕಳ ತಾಯಿ, ಎರಡೂ ನಮ್ಮಲ್ಲೇ ಹುಟ್ಟಿದವು.

“ಮೇಡಂ, ಸರ್ ಒಂದೇ ಬೈಟು ಕೊಟ್ಟಿದ್ರು,” ಎಂದಳು. “ನಮ್ಮಲ್ಲಿ ಒಂದೇ ಉಳಿದಿದೆ ಅಂದ್ರೆ ಇನ್ನೊಂದನ್ನ ಅಳಿಸಿದಾರೆ, ಫಲಿತಾಂಶ ಇದೇ ಅಂತ ಲೆಕ್ಕ. ಎಡಿಟರ್ ನೋಡಿದಾರೆ, ಒಂದೇ ಇದೆ, ಹಾಕಿದಾರೆ. ಪಟ್ಟಿ ಬರೆಯೋರು ಸರ್ ಮಾತು ಕೇಳಿ, ತಾವೇ ತಪ್ಪು ಬರೆದಿದೀವಿ ಅಂದ್ಕೊಂಡು ತಿದ್ದಿದಾರೆ.”

“ಒಂದೇ ಯಾಕೆ ಕೊಟ್ರು?”

“ಎರಡನೇದಕ್ಕೆ, ಮುಚ್ಚಿದ್ದು ಸರಿ ಅನ್ನೋದಕ್ಕೆ, ಮೂರು ಸಲ ಕೂರಿಸಿದೆ ಮೇಡಂ. ಎರಡು ಗಂಟೆ. ‘ಇದು’ ಅಂತಾರೆ, ನಿಂತುಬಿಡ್ತಾರೆ. ಮತ್ತೆ ‘ಇದು’ ಅಂತಾರೆ. ಕೊನೆಗೆ ಮೈಕು ಬಿಚ್ಚಿಟ್ಟು, ಅದೊಂದು ನನ್ನ ಕೈಲಾಗಲ್ಲಮ್ಮ ಅಂದು ಎದ್ದು ಹೋದ್ರು.” ಆಮೇಲೆ ದನಿ ತಗ್ಗಿಸಿ ಹೇಳಿದಳು. “ಮೇಲಿನವರು ಇನ್ನು ಸರ್‌ನ ಕರೀಬೇಡ ಅಂದಿದಾರೆ. ಎರಡು ಕೊಡದವರಿಗೆ ಕುರ್ಚಿ ಇಲ್ವಂತೆ. ಅವರಿಗೆ ನಾನು ಹೇಗೆ ಹೇಳ್ಲಿ ಅಂತ ನಿಮಗೆ ಮಾಡಿದೆ.”

ಫೋನಿಟ್ಟು ಒಳಗೆ ಹೋದೆ. ಅವರು ಮಂಚದ ತುದಿಯಲ್ಲಿ ಕೂತು ಕೋಟಿನ ಗುಂಡಿಗಳನ್ನು ಸುಮ್ಮನೆ ಹಾಕುತ್ತಿದ್ದರು, ಬಿಚ್ಚುತ್ತಿದ್ದರು.

“ರೀ,” ಎಂದೆ.

ಅವರು ಬೆಚ್ಚಿ ಅತ್ತಿತ್ತ ನೋಡಿದರು. ಅಮ್ಮ ಎಲ್ಲಿ ಎಂದು ಹುಡುಕುತ್ತಿದ್ದರು.

“ನಿಮಗೇ ಹೇಳ್ತಿರೋದು. ಮುಚ್ಚೇಬಿಟ್ಟಿದ್ರೆ ಏನು ಮಾಡ್ತಿದ್ರಿ? ಊರೆಲ್ಲ ನಿಮ್ಮ ಮುಖ ನೋಡಿ ನಗ್ತಿತ್ತು.”

“ನಗ್ಲಿ ಬಿಡು.”

“ಇನ್ನು ಕರೆಯಲ್ವಂತೆ ಅವರು.”

“ಗೊತ್ತಾಯ್ತು. ನಿನ್ನೆ ಸಂಜೆಯಿಂದ ಅವರ ಫೋನೇ ಇಲ್ಲ.”

“ಇನ್ನು ಸಂಜೆ ಹೊತ್ತು ಏನು ಮಾಡ್ತೀರಿ?”

ಅವರು ಹಾಕಿದ್ದ ಗುಂಡಿಯೊಂದನ್ನು ಮತ್ತೆ ಬಿಚ್ಚಿದರು. “ಗೊತ್ತಿಲ್ಲ ಕಣೆ,” ಎಂದರು. ಮದುವೆಯಾದಾಗಿನಿಂದ ಆ ಮಾತನ್ನು ಅವರ ಬಾಯಿಂದ ನಾನು ಕೇಳಿರಲಿಲ್ಲ. ನನಗೆ ಅಳು ಬಂದುಬಿಟ್ಟಿತು. ಈ ಮನುಷ್ಯನ ಮೇಲೆ ನನಗೆ ಇಷ್ಟು ಪ್ರೀತಿ ಇದೆ ಎಂದು ನನಗೇ ತಿಳಿದಿರಲಿಲ್ಲ. ಅವರು ಗಾಬರಿಯಾಗಿ ಕೋಟಿನ ತೋಳಿನಿಂದಲೇ ನನ್ನ ಮುಖ ಒರೆಸಿದರು.

ಮಧ್ಯಾಹ್ನದ ಪಾಳಿಗೆ ಹೊರಟಾಗ ಅವರೂ ಚಪ್ಪಲಿ ಮೆಟ್ಟಿಕೊಂಡು ಜೊತೆಗೆ ಬಂದರು. ನಾನು ಒಳಗೆ ಹೋದೆ, ಅವರು ಹಜಾರದಲ್ಲೇ ಉಳಿದರು. ಅಲ್ಲಿ ಒಬ್ಬ ಗಾರೆ ಕೆಲಸದವನು ಕೂತಿದ್ದ, ಒಳಗೆ ಅವನ ಹೆಂಡತಿಗೆ ಮೊದಲ ಹೆರಿಗೆ. ನಡುವೆ ಒಮ್ಮೆ ಬಾಗಿಲ ಸಂದಿಯಿಂದ ಇಣುಕಿದೆ. ಅವನು ಒಂದೇ ಸಮನೆ ಏನೋ ಹೇಳಿಕೊಳ್ಳುತ್ತಿದ್ದ, ಇವರು ಅವನ ಭುಜದ ಮೇಲೆ ಕೈಯಿಟ್ಟು ಕೇಳುತ್ತಿದ್ದರು. ನಾಲ್ಕೂವರೆಗೆ ಹೆಣ್ಣು ಮಗು ಹುಟ್ಟಿತು. ಸುದ್ದಿ ಹೇಳಲು ನಾನು ಬಾಗಿಲು ತೆರೆದಾಗ, ಮಗುವಿನ ಅಪ್ಪನಿಗಿಂತ ಮೊದಲು ಎದ್ದು ನಿಂತವರು ನನ್ನ ಗಂಡ.